ಹೆಸರು ಕೇಳಲಿಲ್ಲ, ಬಾಗಿಲು ಕೇಳಿದರು

(ಶಿರಸಿಯಲ್ಲಿ ಆಶಾ ಕಾರ್ಯಕರ್ತೆಯರು ಮತ್ತು ಸ್ವಸಹಾಯ ಸಂಘದವರ ಮುಂದೆ ಆಡಿದ ಮಾತು)

ಎಲ್ಲರಿಗೂ ನಮಸ್ಕಾರ. ಈ ಮಳೆಯಲ್ಲೂ ಇಷ್ಟು ಜನ ಬಂದಿದ್ದೀರಿ. ಸಿದ್ದಾಪುರದ ಕಡೆಯವರು ಬಸ್ಸಿನ ಹೊತ್ತಾಯ್ತು ಅಂತ ಆಗಲೇ ಗಡಿಯಾರ ನೋಡುತ್ತಿದ್ದಾರೆ. ಸೀದಾ ವಿಷಯಕ್ಕೆ ಬರುತ್ತೇನೆ: ಜಾಗೃತಿಗೆ ಅಂತ ನೊಂದವರ ಕಥೆ ಹೇಳಿಸುವಾಗ ಅವರ ಗುರುತು, ಮರ್ಯಾದೆ ಹೇಗೆ ಕಾಯಬೇಕು ಅನ್ನೋದು.

ಮೊದಲು ನನ್ನದೇ ಒಂದು ತಪ್ಪು ಹೇಳುತ್ತೇನೆ. ಕೆಲವು ವರ್ಷದ ಹಿಂದೆ ಗಂಡನ ಹೊಡೆತದ ಬಗ್ಗೆ ಒಂದು ಚಿಕ್ಕ ವಿಡಿಯೋ ಮಾಡಿದ್ದೆವು. ಮನೆ ಬಿಟ್ಟು ಬಂದ ಅಕ್ಕ ಒಬ್ಬರು ಮಾತಾಡಿದ್ದರು. ಮುಖ ಮಸುಕು ಮಾಡಿದೆವು, ಹೆಸರು ಬದಲಿಸಿದೆವು. ಆದರೆ ಅವರು ಕೂತಿದ್ದು ತವರುಮನೆಯ ಜಗುಲಿಯಲ್ಲಿ. ಹಿಂದೆ ನೀಲಿ ಬಾಗಿಲು, ಪಕ್ಕದಲ್ಲಿ ಸುಲಿಯುವುದಕ್ಕಿಟ್ಟ ಅಡಿಕೆ ರಾಶಿ. ವಾರದೊಳಗೆ ರೇಷನ್ ಸಾಲಿನಲ್ಲಿ ಯಾರೋ ಕೇಳಿದರಂತೆ: ‘ತಂಗಿ, ನಿಮ್ಮ ಮನೆ ಬಾಗಿಲು ಮೊಬೈಲಲ್ಲಿ ನೋಡಿದ ಹಾಗಾಯ್ತಲ್ಲ?’

ನಮ್ಮೂರು ಬೆಂಗಳೂರಲ್ಲ. ಇಲ್ಲಿ ದನಿ ಕೇಳಿದರೆ ಯಾವ ಕೇರಿ ಅಂತ ಗೊತ್ತಾಗುತ್ತದೆ. ಹಾಲಕ್ಕಿ ಸಮುದಾಯದ ಹೆಂಗಸಿನ ಕೊರಳಿನ ಮಣಿಸರ ಕಂಡರೆ ಮುಖ ಮುಚ್ಚಿ ಏನು ಬಂತು?

ಕಾನೂನಿಗೂ ಇದು ಗೊತ್ತಿದೆ. ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯ ತಡೆಯುವ ಪೋಕ್ಸೋ ಕಾಯ್ದೆಯ 23ನೇ ಕಲಂ, ನೊಂದ ಮಗುವಿನ ಹೆಸರು, ಫೋಟೋ ಮಾತ್ರವಲ್ಲ, ಶಾಲೆ, ಕುಟುಂಬ, ನೆರೆಹೊರೆಯ ವಿವರವನ್ನೂ ಮಾಧ್ಯಮದಲ್ಲಿ ಹೊರಗೆಡಹಬಾರದು ಅನ್ನುತ್ತದೆ. ಅತ್ಯಾಚಾರಕ್ಕೆ ಒಳಗಾದವರ ಗುರುತು ಬಯಲು ಮಾಡಿದರೆ ಭಾರತೀಯ ನ್ಯಾಯ ಸಂಹಿತೆಯ 72ನೇ ಕಲಮಿನಡಿ ಎರಡು ವರ್ಷದವರೆಗೆ ಜೈಲು. ದೂರದಿಂದಲೂ ಗುರುತು ಸಿಗುವಂಥ ಸಂಗತಿ ಬೇಡ ಅಂತ ಸುಪ್ರೀಂ ಕೋರ್ಟ್ 2018ರಲ್ಲೇ ಹೇಳಿದೆ.

‘ಅವರೇ ಸಹಿ ಹಾಕಿದ್ದಾರಲ್ಲ’ ಅನ್ನಬಹುದು. ಆ ಅಕ್ಕನೂ ಹಾಕಿದ್ದರು. ಆದರೆ ಯಾವಾಗ? ನಾವು ಉಳಿಯಲು ಜಾಗ ಕೊಟ್ಟು, ವಕೀಲರನ್ನು ಹುಡುಕಿಕೊಟ್ಟ ಮೇಲೆ. ಆ ಹೊತ್ತಲ್ಲಿ ನಮ್ಮೆದುರು ‘ಬೇಡ’ ಅನ್ನೋದು ಅವರಿಗೆ ಸುಲಭವಾ? ಸಹಾಯ ಮಾಡಿದವರೇ ಕಥೆ ಕೇಳಬಾರದು ಅಂತ ನನಗೆ ಈಗ ಅನ್ನಿಸುತ್ತದೆ. ಕೇಳಲೇಬೇಕಾದರೆ ಇಲ್ಲ ಅಂದರೂ ಸಹಾಯ ನಿಲ್ಲುವುದಿಲ್ಲ ಅಂತ ಮೊದಲೇ ಹೇಳಿ. ತಯಾರಾದ ವಿಡಿಯೋ ಮೊದಲು ಅವರಿಗೇ ತೋರಿಸಿ, ಬೇಡ ಅಂದ ತುಂಡು ತೆಗೆಯಿರಿ. ಪಾಂಪ್ಲೆಟ್ಟಿಗೆ ಒಪ್ಪಿದವರು ಜಾತ್ರೆಯ ಬ್ಯಾನರಿಗೆ ಒಪ್ಪಿದ ಹಾಗಲ್ಲ, ಮತ್ತೆ ಕೇಳಿ. ಬಸ್ ಚಾರ್ಜು, ಆ ದಿನದ ಕೂಲಿ ಕೊಡಿ. ಇದನ್ನು ಹೇಳುವಾಗ ಯಾಕೋ ಎಲ್ಲರೂ ನೆಲ ನೋಡುತ್ತಾರೆ!

ಹಾಗಂತ ಎಲ್ಲರನ್ನೂ ಮುಚ್ಚಿಡಬೇಕಾಗಿಲ್ಲ. ಮಂಗನ ಕಾಯಿಲೆಯಿಂದ ಎದ್ದುಬಂದ ಒಬ್ಬರು ‘ನನ್ನ ಹೆಸರು, ಫೋಟೋ ಎರಡೂ ಹಾಕಿ’ ಅಂತ ಹಟ ಹಿಡಿದರು. 1957ರಲ್ಲಿ ಪಕ್ಕದ ಸೊರಬದ ಕ್ಯಾಸನೂರು ಕಾಡಿನಲ್ಲಿ ಪತ್ತೆಯಾದ ಜ್ವರ ಅದು. ಕಾಡಿನಿಂದ ದರಕು, ಅಂದರೆ ಒಣಗಿದ ಎಲೆ, ತರಲು ಹೋದಾಗ ಉಣ್ಣಿ ಕಚ್ಚಿದ್ದು, ಸಾದಾ ಜ್ವರ ಅಂತ ಸುಮ್ನೆ ಮಲಗಿದ್ದು, ಎಲ್ಲ ಹೇಳಿದರು. ಊರವರೆಲ್ಲ ಕೇಳಿದರು. ಅವರು ಹೇಳಬೇಕು ಅಂತ ಬಂದವರು. ನಾವು ಎಳೆದು ತಂದವರಲ್ಲ.

ಇನ್ನೊಂದು ಮಾತು. ನಮಗೆ ಗಾಯದ ಮೇಲೆ ಯಾಕೋ ಆಸೆ ಜಾಸ್ತಿ. ಅವನು ಹೇಗೆ ಹೊಡೆದ, ಎಷ್ಟು ರಕ್ತ ಬಂತು. ಅದನ್ನು ಕೇಳಿದವರು ಅಯ್ಯೋ ಪಾಪ ಅನ್ನುತ್ತಾರೆ, ಆಮೇಲೆ ‘ಇವಳೇನು ಅಂದಿದ್ದಳೋ’ ಅಂತಲೂ ಅನ್ನುತ್ತಾರೆ. ಅದೇ ಸಂಕಟದಲ್ಲಿರುವ ಇನ್ನೊಬ್ಬಳಿಗೆ ಮಹಿಳಾ ಸಹಾಯವಾಣಿ 181ಕ್ಕೆ ಫೋನ್ ಮಾಡಬಹುದು ಅನ್ನುವುದು ಮಾತ್ರ ಗೊತ್ತೇ ಆಗುವುದಿಲ್ಲ.

ಆ ವಿಡಿಯೋ ನಾವು ತೆಗೆದುಹಾಕಿದೆವು. ಆದರೆ ಯಾರ‍್ಯಾರ ಫೋನಿನಲ್ಲಿ ಉಳಿದಿದೆಯೋ, ವಾಪಸ್ ತರಲು ಆಗಲಿಲ್ಲ. ಆ ಅಕ್ಕನ ಬಳಿ ಹೋಗಿ ತಪ್ಪಾಯ್ತು ಅಂದೆ. ಚಹಾ ಕೊಟ್ಟರು, ಏನೂ ಹೇಳಲಿಲ್ಲ. ಎರಡು ವರ್ಷದ ಮೇಲೆ ಅವರೇ ನಮ್ಮ ಒಂದು ತರಬೇತಿಗೆ ಬಂದರು. ಫೋನೆಲ್ಲ ಹೊರಗಿಡಿಸಿ, ಬಾಗಿಲು ಹಾಕಿಸಿ ಮಾತಾಡಿದರು. ಹೊಡೆತದ ಸುದ್ದಿಯೇ ಇಲ್ಲ. ಬೆಳಗಿನ ಮೊದಲ ಬಸ್ಸಿಗೆ ಹೊರಟಾಗ ಚೀಲದಲ್ಲಿ ಏನೇನು ಹಾಕಿಕೊಂಡೆ ಅಂತ ಹೇಳಿದರು: ಆಧಾರ್, ಬ್ಯಾಂಕ್ ಪಾಸ್‌ಬುಕ್, ಮಗಳ ಮಾರ್ಕ್ಸ್ ಕಾರ್ಡ್, ಎರಡು ಜೊತೆ ಬಟ್ಟೆ. ಹಿಂದಿನ ಸಾಲಿನಲ್ಲಿದ್ದ ಹೆಂಗಸೊಬ್ಬರು ಪೆನ್ನು ಕೇಳಿ ಪಡೆದು ಅದನ್ನು ಬರೆದುಕೊಂಡರು.