ಕಾಯಂ ಆಗದಿದ್ದರೂ ಸಮಾನ ಸಂಬಳ ಕೇಳಬಹುದು

ಕೇಳುಗರಿಗೆ ನಮಸ್ಕಾರ.

ಸರ್ಕಾರಿ ಕಚೇರಿಗಳಲ್ಲಿ ವರ್ಷಗಟ್ಟಲೆ ದಿನಗೂಲಿಯಾಗಿ, ಗುತ್ತಿಗೆ ನೌಕರರಾಗಿ ದುಡಿಯುತ್ತಿರುವವರ ಸಂಬಳದ ಬಗ್ಗೆ ಇವತ್ತು ಮಾತಾಡುತ್ತೇನೆ. ಅಕ್ಕಪಕ್ಕದ ಮೇಜುಗಳಲ್ಲಿ ಇಬ್ಬರು ಕೂತಿರುತ್ತಾರೆ. ಇಬ್ಬರೂ ಅದೇ ಕಡತ ಬರೆಯುತ್ತಾರೆ, ಅದೇ ಟಪಾಲು ನೋಡುತ್ತಾರೆ. ತಿಂಗಳ ಕೊನೆಗೆ ಒಬ್ಬರಿಗೆ ವೇತನಶ್ರೇಣಿಯ ಸಂಬಳ, ಇನ್ನೊಬ್ಬರಿಗೆ ಕೂಲಿ. ಯಾಕೆ ಹೀಗೆ ಅಂತ ಕೇಳಿದರೆ, 'ನೀವು ಕಾಯಂ ಅಲ್ಲವಲ್ಲ' ಅನ್ನುತ್ತಾರೆ. ಕೇಳಿದವರು ಅಲ್ಲಿಗೇ ಸುಮ್ಮನಾಗಿಬಿಡುತ್ತಾರೆ.

ಸುಮ್ಮನಾಗಬೇಕಿಲ್ಲ. ಕೆಲಸ ಕಾಯಂ ಆಗುವುದು ಒಂದು ಪ್ರಶ್ನೆ, ಸಮಾನ ವೇತನ ಬೇರೆಯೇ ಪ್ರಶ್ನೆ. ಮೊದಲನೆಯದು ಸಿಗಲಿಲ್ಲ ಅಂತ ಎರಡನೆಯದನ್ನೂ ಬಿಟ್ಟುಕೊಡಬೇಕಾಗಿಲ್ಲ.

ಸಂವಿಧಾನದ 39ನೇ ವಿಧಿ ಗಂಡಸರಿಗೂ ಹೆಂಗಸರಿಗೂ ಸಮಾನ ಕೆಲಸಕ್ಕೆ ಸಮಾನ ವೇತನ ಇರಬೇಕು ಎನ್ನುತ್ತದೆ. ಅದು ಇರುವುದು ನಿರ್ದೇಶಕ ತತ್ವಗಳಲ್ಲಿ, ಅಂದರೆ ಸರ್ಕಾರ ಹೇಗೆ ನಡೆಯಬೇಕು ಎಂದು ದಾರಿ ತೋರಿಸುವ ಭಾಗದಲ್ಲಿ. ಹಾಗಾಗಿ ಅದೊಂದನ್ನೇ ಹಿಡಿದು ಕೋರ್ಟಿಗೆ ಹೋಗಲು ಬರುವುದಿಲ್ಲ. ಆದರೆ ದೆಹಲಿ ಪೊಲೀಸ್ ಇಲಾಖೆಯ ಒಬ್ಬ ಚಾಲಕ, ಬೇರೆ ಇಲಾಖೆಯ ಚಾಲಕರಿಗೆ ಸಿಗುವಷ್ಟು ಸಂಬಳ ನನಗೂ ಬೇಕು ಎಂದು ಸುಪ್ರೀಂ ಕೋರ್ಟಿಗೆ ಹೋದರು. ಸಮಾನತೆಯ ಹಕ್ಕು ಹೇಳುವ 14 ಮತ್ತು 16ನೇ ವಿಧಿಗಳ ಜೊತೆ ಸೇರಿಸಿ ಓದಿದರೆ ಸಮಾನ ವೇತನವನ್ನು ಕೇಳಿ ಪಡೆಯಬಹುದು ಎಂದು 1982ರಲ್ಲಿ ಕೋರ್ಟ್ ಹೇಳಿತು.

ಇನ್ನು ನಮ್ಮ ಕರ್ನಾಟಕದಿಂದಲೇ ಹೋದ ಉಮಾದೇವಿ ಪ್ರಕರಣ. ಈ ತೀರ್ಪಿನ ಹೆಸರು ಕೇಳಿದರೆ ಸಾಕು, ದಿನಗೂಲಿಯವರು ಎದೆಗುಂದುತ್ತಾರೆ. 2006ರ ಏಪ್ರಿಲ್ 10ರಂದು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಇದನ್ನು ನೀಡಿತು. ನಿಯಮದಂತೆ ನೇಮಕ ಆಗದವರು ಎಷ್ಟೇ ವರ್ಷ ದುಡಿದಿದ್ದರೂ, ಅದೊಂದೇ ಕಾರಣಕ್ಕೆ ಕಾಯಂ ಮಾಡಿ ಎಂದು ಕೇಳಲಾಗದು ಎಂದಿತು. ಅಂದಿನಿಂದ ಎಷ್ಟೋ ಅರ್ಜಿಗಳು ಈ ಒಂದು ಹೆಸರಿಗೇ ತಿರಸ್ಕಾರವಾಗಿವೆ. ಆದರೆ ಅದೇ ತೀರ್ಪಿನ ಕೊನೆಯ ಭಾಗ ಓದಿ. ಆ ಪ್ರಕರಣದಲ್ಲಿದ್ದ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿ ನೌಕರರಿಗೆ, ಅವರದೇ ವೃಂದದ ಅತ್ಯಂತ ಕೆಳಹಂತದ ಸಂಬಳ ಕೊಡಬೇಕು ಎಂದೂ ಅಲ್ಲಿ ಆದೇಶವಿದೆ. ಕಾಯಂ ಮಾಡಲು ಒಪ್ಪದ ಪೀಠವೇ ಸಂಬಳ ಕೊಡಿಸಿತು! ಈ ಭಾಗವನ್ನು ಯಾರೂ ಎತ್ತಿ ಹೇಳುವುದಿಲ್ಲ ಅನ್ನುವುದು ನನಗೆ ತುಂಬ ನೋವಿನ ವಿಷಯ.

ಹತ್ತು ವರ್ಷಗಳ ನಂತರ, 2016ರ ಅಕ್ಟೋಬರ್ 26ರಂದು, ಪಂಜಾಬ್ ಸರ್ಕಾರ ಮತ್ತು ಜಗಜೀತ್ ಸಿಂಗ್ ನಡುವಿನ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಇನ್ನೂ ಬಿಡಿಸಿ ಹೇಳಿತು. ದಿನಗೂಲಿ, ಗುತ್ತಿಗೆ, ತಾತ್ಕಾಲಿಕ, ಹೆಸರು ಏನೇ ಇರಲಿ. ಕಾಯಂ ನೌಕರರು ಮಾಡುವ ಕೆಲಸವನ್ನೇ ಮಾಡುತ್ತಿದ್ದರೆ, ಆ ಹುದ್ದೆಯ ವೇತನಶ್ರೇಣಿಯ ಕನಿಷ್ಠ ಹಂತದ ಸಂಬಳ ಅವರಿಗೆ ಸಲ್ಲಬೇಕು. ಕಡಿಮೆ ಸಂಬಳಕ್ಕೆ ಒಪ್ಪಿಯೇ ಬಂದರಲ್ಲ ಎನ್ನುವ ವಾದವೂ ನಿಲ್ಲಲಿಲ್ಲ. ಯಾರೂ ಇಷ್ಟಪಟ್ಟು ಕಡಿಮೆ ಕೂಲಿಗೆ ಹೋಗುವುದಿಲ್ಲ, ಸಂಸಾರ ಸಾಕಬೇಕಲ್ಲ ಎಂದು ಮಾನ ಪಕ್ಕಕ್ಕಿಟ್ಟು ಹೋಗುತ್ತಾರೆ ಎಂಬ ಅರ್ಥದ ಮಾತು ಆ ತೀರ್ಪಿನಲ್ಲಿದೆ. ಅದನ್ನು ಪ್ರತಿಯೊಬ್ಬ ಅಧಿಕಾರಿಯೂ ಒಮ್ಮೆ ಓದಬೇಕು.

ಸಿಗುವುದು ಕನಿಷ್ಠ ಹಂತ, ನೆನಪಿರಲಿ. ಕಾಯಂ ನೌಕರರ ಇನ್‌ಕ್ರಿಮೆಂಟ್, ಬಡ್ತಿ ಎಲ್ಲವೂ ಇದರ ಜೊತೆಗೇ ಬರುವುದಿಲ್ಲ. ಇಪ್ಪತ್ತು ವರ್ಷ ದುಡಿದವರಿಗೆ ಹೊಸಬರ ಸಂಬಳ ಅಂದರೆ ಅದೂ ಕಡಿಮೆಯೇ, ಅಲ್ವಾ? ಆದರೂ ಈಗ ಕೈಗೆ ಬರುತ್ತಿರುವುದಕ್ಕಿಂತ ಅದು ಎಷ್ಟೋ ಜಾಸ್ತಿ.

ಕೆಲಸ ಒಂದೇ ಎಂದು ತೋರಿಸುವ ಹೊಣೆ ಮಾತ್ರ ಕೇಳುವವರದ್ದು. ಹುದ್ದೆಯ ಹೆಸರು ಒಂದೇ ಇದ್ದರೆ ಸಾಲದು. ಜವಾಬ್ದಾರಿ, ವಿದ್ಯಾರ್ಹತೆ ಬೇರೆಯಾಗಿದ್ದರೆ ಸಂಬಳವೂ ಬೇರೆ ಇರಬಹುದು. ಹಾಗಾಗಿ ಕಾಗದಗಳನ್ನು ಜೋಪಾನ ಮಾಡಿ. ಕಾರ್ಯ ಹಂಚಿಕೆಯ ಆದೇಶ, ನಿಮ್ಮ ಹೆಸರಿಗೆ ಬಂದ ಮೆಮೊ, ಹಾಜರಿ ಪುಸ್ತಕದ ನಕಲು, ಚುನಾವಣೆಗೋ ಗಣತಿಗೋ ಹಾಕಿದ ಆದೇಶ, ಯಾವುದನ್ನೂ ಎಸೆಯಬೇಡಿ. ಕೈಯಲ್ಲಿ ಇಲ್ಲದಿದ್ದರೆ 2005ರ ಮಾಹಿತಿ ಹಕ್ಕು ಕಾಯ್ದೆಯಡಿ ಅರ್ಜಿ ಹಾಕಿ ಪಡೆಯಿರಿ.

ಏಜೆನ್ಸಿ ಮೂಲಕ ಬಂದ ಹೊರಗುತ್ತಿಗೆಯವರ ದಾರಿ ಇಷ್ಟು ನೇರವಾಗಿಲ್ಲ. ಅವರಿಗೆ ಗುತ್ತಿಗೆ ಕಾರ್ಮಿಕರ ಕಾನೂನು ಬೇರೆಯೇ ಇದೆ. ಅದು ಗೊತ್ತಿರುವ ವಕೀಲರನ್ನು ಕೇಳುವುದು ಒಳ್ಳೆಯದು.

ಕಾಯಂ ಮಾಡುವ ವಿಷಯದಲ್ಲೂ ಗಾಳಿ ಸ್ವಲ್ಪ ತಿರುಗಿದೆ. 2024ರ ಡಿಸೆಂಬರ್‌ನಲ್ಲಿ, ಕೇಂದ್ರ ಜಲ ಆಯೋಗದಲ್ಲಿ ವರ್ಷಗಟ್ಟಲೆ ಕಸ ಗುಡಿಸಿದವರನ್ನೂ ತೋಟ ನೋಡಿಕೊಂಡವರನ್ನೂ ಕಾಯಂ ಮಾಡಿ ಎಂದು ಸುಪ್ರೀಂ ಕೋರ್ಟ್ ಆದೇಶಿಸಿತು. ದೀರ್ಘಕಾಲ ದುಡಿದವರ ವಿರುದ್ಧ ಉಮಾದೇವಿ ತೀರ್ಪನ್ನು ಆಯುಧ ಮಾಡಿಕೊಳ್ಳುತ್ತಿರುವುದನ್ನೂ ಅದು ಟೀಕಿಸಿತು.

ಕೊನೆಯದಾಗಿ ಒಂದು ಮಾತು, ದಯವಿಟ್ಟು ಗಮನವಿಟ್ಟು ಕೇಳಿ. ಸಂಬಳದ ಹಿಂಬಾಕಿಯನ್ನು ಕೋರ್ಟುಗಳು ಸಾಮಾನ್ಯವಾಗಿ ಅರ್ಜಿ ಹಾಕಿದ ದಿನಕ್ಕಿಂತ ಹಿಂದಿನ 3 ವರ್ಷಕ್ಕಷ್ಟೇ ಕೊಡಿಸುತ್ತವೆ. ತಡ ಮಾಡಿದಷ್ಟೂ ದುಡಿದ ದುಡ್ಡು ಕೈತಪ್ಪುತ್ತದೆ. ಮೊದಲು ಇಲಾಖೆಗೆ ಲಿಖಿತ ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ. ಆದರೆ ಮನವಿ ಕೊಟ್ಟೆವಲ್ಲ ಎಂದು ಉತ್ತರಕ್ಕೆ ವರ್ಷಗಟ್ಟಲೆ ಕಾಯಬೇಡಿ. ವಕೀಲರ ಖರ್ಚಿಗೆ ಹೆದರುವವರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಅಲ್ಲಿ ಆದಾಯ ಎಷ್ಟೇ ಇದ್ದರೂ ಉಚಿತವಾಗಿ ವಕೀಲರನ್ನು ಕೊಡುತ್ತಾರೆ.

ನಮಸ್ಕಾರ.