ಹಳೆಯ ರೀಲಿನಲ್ಲಿ ಜನ ಓಡುವುದೇಕೆ?

ಕೇಳುಗರಿಗೆ ನಮಸ್ಕಾರ. ಸಾಕ್ಷ್ಯಚಿತ್ರದಲ್ಲಿ ನೂರು ವರ್ಷ ಹಿಂದಿನ ದೃಶ್ಯ ಬಂತೆಂದರೆ ಜನ ದಡಬಡ ಓಡಾಡುತ್ತಾರೆ, ಜಟಕಾಬಂಡಿ ಹಾರಿಹೋಗುತ್ತದೆ. ಆ ಕಾಲದವರು ನಡೆಯುತ್ತಿದ್ದದ್ದು ನಮ್ಮ ಹಾಗೆಯೇ. ಎಡವಟ್ಟು ಆಗುವುದು ರೀಲು ಓಡಿಸುವ ವೇಗದಲ್ಲಿ.

ಮೂಕಿ ಕಾಲದ ಕ್ಯಾಮೆರಾಗಳನ್ನು ಕೈಯಿಂದ ತಿರುಗಿಸುತ್ತಿದ್ದರು. ಸಾಮಾನ್ಯವಾಗಿ ಹಿಡಿಯ ಒಂದು ಸುತ್ತಿಗೆ 8 ಫ್ರೇಮ್, ಎಂದರೆ 8 ಬಿಡಿ ಚಿತ್ರ; ಸೆಕೆಂಡಿಗೆ ಎರಡು ಸುತ್ತು. ಅಂದರೆ 16 ಫ್ರೇಮ್. ಟಾಕಿ ಬಂದ ಮೇಲೆ 24 ಫ್ರೇಮ್ ಖಾಯಂ ಆಯಿತು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ವೇಗ ಒಂದೂವರೆ ಪಟ್ಟು. ಸಾವಿರ ಅಡಿಯ 35 ಎಂಎಂ ರೀಲು ಹದಿನಾರೂವರೆ ನಿಮಿಷದ ಮೇಲೆ ನಡೆಯಬೇಕಾದದ್ದು ಹನ್ನೊಂದು ನಿಮಿಷಕ್ಕೇ ಮುಗಿಯುತ್ತದೆ.

ಹಾಗಾದರೆ ಸರಿಯಾದ ವೇಗ ಯಾವುದು? ಎಷ್ಟೋ ಸಲ ಡಬ್ಬಿಯ ಮೇಲೆ ಬರೆದಿರುವುದಿಲ್ಲ, ದೃಶ್ಯದೊಳಗೇ ಹುಡುಕಬೇಕು. ಬ್ರಿಟಿಷ್ ಸೈನಿಕರ ಕವಾಯತಿನ ನಡಿಗೆ ನಿಮಿಷಕ್ಕೆ ಸುಮಾರು 120 ಹೆಜ್ಜೆ, ಅಂದರೆ ಹೆಜ್ಜೆಗೆ ಅರ್ಧ ಸೆಕೆಂಡು. ಎಡಗಾಲು ನೆಲ ಮುಟ್ಟಿದ ಫ್ರೇಮಿನಿಂದ ಬಲಗಾಲು ಮುಟ್ಟುವವರೆಗೆ ಎಣಿಸಿ. 8 ಬಂದರೆ ವೇಗ 16; ಆರೇ ಬಂದರೆ 12. ಶಾಟಿನ ಆರಂಭದಲ್ಲೊಮ್ಮೆ, ಕೊನೆಯಲ್ಲೊಮ್ಮೆ ಎಣಿಸುವುದು ಒಳ್ಳೆಯದು. ತಿರುಗಿಸುವುದು ಮನುಷ್ಯನ ಕೈಯಲ್ಲವೇ, ನಡುವೆ ವೇಗ ಬದಲಾಗಿರುತ್ತದೆ.

2018ರಲ್ಲಿ ಪೀಟರ್ ಜಾಕ್ಸನ್ ಮೊದಲ ಮಹಾಯುದ್ಧದ ಬಗ್ಗೆ ತೆಗೆದ 'ದೇ ಶಲ್ ನಾಟ್ ಗ್ರೋ ಓಲ್ಡ್' ಸಾಕ್ಷ್ಯಚಿತ್ರ ನಿಂತಿರುವುದು ಈ ಕೆಲಸದ ಮೇಲೆ. ಲಂಡನ್ನಿನ ಇಂಪೀರಿಯಲ್ ವಾರ್ ಮ್ಯೂಸಿಯಂನ ಸುಮಾರು 100 ಗಂಟೆಯ ದೃಶ್ಯ ಅವರ ಮುಂದಿತ್ತು. ವೇಗ ಸರಿಪಡಿಸಿದರು, ಮೂಕ ಸೈನಿಕರ ಮಾತನ್ನು ತುಟಿ ಓದುವವರಿಂದ ತಿಳಿದು ದನಿ ಕೊಡಿಸಿದರು.

16ನ್ನು 24 ಮಾಡಲು ಎರಡು ದಾರಿ. ಒಂದು, ಪ್ರತಿ ಎರಡನೆಯ ಫ್ರೇಮನ್ನು ಎರಡು ಸಲ ತೋರಿಸುವುದು. ಇದು ಪ್ರಾಮಾಣಿಕ ದಾರಿ, ಆದರೆ ಕ್ಯಾಮೆರಾ ಅತ್ತಿತ್ತ ತಿರುಗುವಾಗ ಚಿತ್ರ ಮುಗ್ಗರಿಸುತ್ತದೆ. ಇನ್ನೊಂದು, ನಡುವಿನ ಫ್ರೇಮನ್ನು ಕಂಪ್ಯೂಟರಿನಿಂದ ಹುಟ್ಟಿಸುವುದು. ಚಲನೆ ನುಣುಪಾಗುತ್ತದೆ, ನಿಜ. ಆದರೆ ಮುಖದ ಮುಂದೆ ಕೈ ಹಾದುಹೋದಾಗ ಹಿಂದೆ ಏನಿದೆಯೆಂದು ಯಂತ್ರಕ್ಕೆ ಗೊತ್ತಾಗದೆ ಬೆರಳುಗಳು ಕೆನ್ನೆಗೆ ಅಂಟಿಕೊಳ್ಳುತ್ತವೆ, ಚಕ್ರದ ಅರಗಳು ಕಲಸಿಹೋಗುತ್ತವೆ. ಧೂಳು, ಗೀರುಗಳನ್ನು ಮೊದಲೇ ತೆಗೆಯದಿದ್ದರೆ ಅವನ್ನೂ ಚಲಿಸುವ ವಸ್ತುವೆಂದು ತಿಳಿದು ಗಾಳಿಯಲ್ಲಿ ಎಳೆದಾಡುತ್ತದೆ. ಅಂಥ ಶಾಟುಗಳಿಗೆ ಮೊದಲ ದಾರಿಯೇ ವಾಸಿ.

ಇನ್ನು ಚೌಕಟ್ಟು. ನಾಲ್ಕಕ್ಕೆ ಮೂರರ ಹಳೆಯ ಚಿತ್ರವನ್ನು ಇಂದಿನ ಅಗಲ ಪರದೆಗೆ ತುಂಬಿಸಿದರೆ ಎತ್ತರದಲ್ಲಿ ಕಾಲು ಭಾಗ ಹೋಗುತ್ತದೆ. ಟೋಪಿಯೋ ಬೂಟೋ, ಒಂದು ಹೋದಂತೆಯೇ. ಅಕ್ಕಪಕ್ಕ ಕಪ್ಪು ಬಿಡುವುದರಲ್ಲಿ ನಾಚಿಕೆಯೇನೂ ಇಲ್ಲ.

ಬಣ್ಣ, ಸದ್ದು ಸೇರಿಸುವುದು ತಪ್ಪೆಂದು ಹೇಳಲಾರೆ. ಸೇರಿಸಿದ್ದನ್ನು ನೋಡುಗರಿಗೆ ಹೇಳದಿರುವುದು ಮಾತ್ರ ತಪ್ಪು, ಏಕೆಂದರೆ ಆ ದೃಶ್ಯವನ್ನು ಅವರು ಸಾಕ್ಷಿಯೆಂದು ನಂಬಿ ನೋಡುತ್ತಿರುತ್ತಾರೆ. ಸಂಕಲನದ ಪಟ್ಟಿಯಲ್ಲಿ ಪ್ರತಿ ಶಾಟಿನ ಎದುರು ರೀಲಿನ ಸಂಖ್ಯೆ, ಮೂಲ ವೇಗ, ಮಾಡಿದ ಬದಲಾವಣೆ ಬರೆದಿಡಿ. ಮೂಲ ಸ್ಕ್ಯಾನನ್ನು ಮುಟ್ಟದೆ ಬೇರೆ ಡ್ರೈವಿನಲ್ಲಿಡಿ. ಎಣಿಕೆ ತಪ್ಪಿದೆಯೆಂದು ನಾಳೆ ಯಾರಾದರೂ ತೋರಿಸಿದರೆ ಕೆಲಸ ಅಲ್ಲಿಂದಲೇ ಮತ್ತೆ ಶುರುವಾಗಬೇಕು.