ಮಲ್ಲಿಗೆ, ಹೊಲಿಗೆ, ಮನೆಗೆ: ಮನಸ್ಸು ಪದವನ್ನು ಬಿಡಿಸುವ ಬಗೆ

ಕೇಳುಗರೆಲ್ಲರಿಗೂ ನಮಸ್ಕಾರ.

"ಹೋಳಿಗೆ ಹೋಳಿಗೆ ಮಾಡೋಣ." ಹುಣ್ಣಿಮೆ ಹತ್ತಿರ ಬಂದಾಗ ನಮ್ಮ ಕಡೆ ಯಾವ ಮನೆಯಲ್ಲಾದರೂ ಬರಬಹುದಾದ ಮಾತು ಇದು. ಒಂದೇ ಸದ್ದು ಎರಡು ಸಲ ಬಂತು, ಆದರೂ ಕೇಳಿದವರು ತಬ್ಬಿಬ್ಬಾಗುವುದಿಲ್ಲ. ಮೊದಲನೆಯದು ಹಬ್ಬ, ಎರಡನೆಯದು ತಿನ್ನುವ ಹೋಳಿಗೆ. ಮೊದಲನೆಯದರಲ್ಲಿ 'ಹೋಳಿ' ಬೇರೆ, 'ಗೆ' ಬೇರೆ. ಎರಡನೆಯದು ಇವತ್ತಿನ ಕನ್ನಡಿಗರಿಗೆ ಒಂದೇ ತುಂಡು. ಕಿವಿಗೆ ಬಿದ್ದದ್ದರಲ್ಲಿ ಏನೂ ವ್ಯತ್ಯಾಸವಿಲ್ಲ. ಒಂದನ್ನು ಬಿಡಿಸಿ ಇನ್ನೊಂದನ್ನು ಬಿಡಿಸದೆ ಇಟ್ಟದ್ದು ಮನಸ್ಸು. ಅದು ಈ ಕೆಲಸವನ್ನು ಹೇಗೆ ಮಾಡುತ್ತದೆ ಎಂಬುದೇ ಇವತ್ತಿನ ಮಾತು.

ಈ ಪುಟ್ಟ 'ಗೆ' ಎಷ್ಟು ಕಡೆ ಬರುತ್ತದೆ ನೋಡಿ. 'ಮನೆಗೆ', 'ಗಂಗಾವತಿಗೆ', 'ಸಿಂಧನೂರಿಗೆ' ಅಂದಾಗ ಅದು ದಿಕ್ಕು ತೋರಿಸುತ್ತದೆ. ಬಳ್ಳಾರಿಯಲ್ಲಿ ಜೀನ್ಸ್ ಪ್ಯಾಂಟು ಹೊಲಿಯುವವರ ಕೆಲಸಕ್ಕೆ 'ಹೊಲಿಗೆ' ಅನ್ನುತ್ತೇವೆ. ಅಲ್ಲಿ 'ಗೆ' ದಿಕ್ಕು ತೋರಿಸುತ್ತಿಲ್ಲ, 'ಹೊಲಿ' ಎಂಬ ಕ್ರಿಯೆಯನ್ನು ಹೆಸರಾಗಿ ಮಾಡಿದೆ. 'ಒಪ್ಪಿಗೆ', 'ಏಳಿಗೆ' ಕೂಡ ಹಾಗೇ ಹುಟ್ಟಿದವು. ಇನ್ನು 'ಮಲ್ಲಿಗೆ'. ಹಿಂದೆ ಬಳ್ಳಾರಿ ಜಿಲ್ಲೆಯಲ್ಲಿದ್ದು ಈಗ ವಿಜಯನಗರ ಜಿಲ್ಲೆಗೆ ಸೇರಿರುವ ಹೂವಿನ ಹಡಗಲಿಯ ಮಲ್ಲಿಗೆ ಯಾರಿಗೆ ಗೊತ್ತಿಲ್ಲ? ಆ ಪದದೊಳಗೆ ಬಿಡಿಸುವುದಕ್ಕೆ ಏನೂ ಇಲ್ಲ. ಆದರೆ ಮನೆಯಲ್ಲಿ ಮಲ್ಲಿ ಎಂಬ ಹುಡುಗಿ ಇದ್ದರೆ, ಅದೇ ಸದ್ದು 'ಮಲ್ಲಿ' ಮತ್ತು 'ಗೆ' ಎಂದು ಎರಡಾಗುತ್ತದೆ.

ಮನಸ್ಸು ಇಡೀ ಪದವನ್ನು ಮೊದಲು ಗುರುತಿಸಿ ಆಮೇಲೆ ಬಿಡಿಸುತ್ತದೋ, ಮೊದಲೇ ಬಿಡಿಸಿ ಆಮೇಲೆ ಗುರುತಿಸುತ್ತದೋ? 1975ರಲ್ಲಿ ಆಸ್ಟ್ರೇಲಿಯಾದಲ್ಲಿದ್ದ ಮಾರ್ಕಸ್ ಟಾಫ್ಟ್ ಮತ್ತು ಕೆನೆತ್ ಫಾರ್ಸ್ಟರ್ ಎಂಬ ಇಬ್ಬರು ಒಂದು ವಾದ ಮುಂದಿಟ್ಟರು. ನಾವು ಓದುವಾಗ ಪದಕ್ಕೆ ಅಂಟಿದ ಚೂರನ್ನು ಮೊದಲು ಕಳಚುತ್ತೇವೆ, ಉಳಿದ ಮೂಲವನ್ನು ನೆನಪಿನಲ್ಲಿ ಹುಡುಕುತ್ತೇವೆ ಎಂದರು. ಆಗಿನಿಂದ ಇದರ ಮೇಲೆ ಚರ್ಚೆ ನಡೆದೇ ಇದೆ.

ನನ್ನ ಮನಸ್ಸು ಹಿಡಿದ ಪ್ರಯೋಗ 2004ರದ್ದು. ರಾಸಲ್, ಡೇವಿಸ್, ನ್ಯೂ ಎಂಬ ಮೂವರು ಮಾಡಿದ್ದು. ಪರದೆಯ ಮೇಲೆ ಒಂದು ಇಂಗ್ಲಿಷ್ ಪದ ಸುಮಾರು 40 ಮಿಲಿಸೆಕೆಂಡು ಮಿಂಚಿ ಹೋಗುತ್ತದೆ. ಒಂದು ಸೆಕೆಂಡಿಗೆ 1000 ಮಿಲಿಸೆಕೆಂಡು. ಅಂದರೆ ಏನು ಬಂದು ಹೋಯಿತು ಎಂದು ನೋಡಿದವರಿಗೆ ಹೇಳಲಿಕ್ಕೂ ಆಗುವುದಿಲ್ಲ. ಕೂಡಲೇ ಇನ್ನೊಂದು ಪದ ಬರುತ್ತದೆ, ಅದು ನಿಜವಾದ ಪದವೋ ಅಲ್ಲವೋ ಎಂದು ಗುಂಡಿ ಒತ್ತಿ ಹೇಳಬೇಕು. 'ಕ್ಲೀನರ್' ಮಿಂಚಿದ ಮೇಲೆ 'ಕ್ಲೀನ್' ಬಂದರೆ ಉತ್ತರ ಬೇಗ ಬರುತ್ತದೆ. ಇದರಲ್ಲಿ ಆಶ್ಚರ್ಯವಿಲ್ಲ, ಎರಡೂ ಒಂದೇ ಮನೆಯವು. ಆಶ್ಚರ್ಯ ಇರುವುದು 'ಕಾರ್ನರ್' ಎಂಬ ಪದದಲ್ಲಿ. ಅದು ಮೂಲೆ. 'ಕಾರ್ನ್' ಅಂದರೆ ಕಾಳು. ಮೂಲೆಗೂ ಕಾಳಿಗೂ ಏನು ಸಂಬಂಧ? ಏನೂ ಇಲ್ಲ. ಆದರೂ 'ಕಾರ್ನರ್' ಮಿಂಚಿದ ಮೇಲೆ 'ಕಾರ್ನ್' ಅನ್ನು ಜನ ಬೇಗ ಗುರುತಿಸಿದರು. 'ಕಾರ್ನರ್'ನ ತುದಿಯ 'ಅರ್', 'ಕ್ಲೀನರ್'ನಲ್ಲಿರುವ ಪ್ರತ್ಯಯದಂತೆ, ಅಂದರೆ ನಮ್ಮ 'ಗೆ'ಯ ಹಾಗೆ ಪದಕ್ಕೆ ಅಂಟುವ ಚೂರಿನಂತೆ, ಕಾಣುತ್ತದೆ. ತುದಿ ಹಾಗೆ ಕಾಣದ ಪದಗಳಲ್ಲಿ ಈ ಲಾಭ ಸಿಗಲಿಲ್ಲ. ಅಂದರೆ ಮನಸ್ಸು ಅರ್ಥ ಕೇಳುವ ಮೊದಲೇ, ಪ್ರತ್ಯಯದ ಹಾಗೆ ಕಂಡದ್ದನ್ನೆಲ್ಲ ಒಮ್ಮೆ ಕಳಚಿ ನೋಡುತ್ತದೆ. ಸರಿಹೋಗದಿದ್ದರೆ ಮತ್ತೆ ಕೂಡಿಸುತ್ತದೆ. ನಾವು 'ಮಲ್ಲಿಗೆ' ಎಂದು ಓದುವಾಗಲೂ ಆ ಮಲ್ಲಿ ಎಂಬ ಹುಡುಗಿ ಒಂದು ಗಳಿಗೆ ಮನಸ್ಸಿನಲ್ಲಿ ಇಣುಕಿ ಹೋಗುತ್ತಾಳೆ ಅಂತ ನನಗೆ ಅನ್ನಿಸುತ್ತದೆ.

ಕನ್ನಡದಲ್ಲಿ ಈ ಕೆಲಸ ಇನ್ನೂ ನಾಜೂಕು. 'ಊರಿಗೆ' ಎಂದು ಬರೆಯಿರಿ. ನಡುವೆ ಇರುವ 'ರಿ' ಅಕ್ಷರದಲ್ಲಿ 'ರ್' ಊರಿನದು, 'ಇ' ಪ್ರತ್ಯಯದ ಕಡೆಯದು. ಜೋಡಣೆಯ ಗೆರೆ ಅಕ್ಷರದ ಹೊಟ್ಟೆಯೊಳಗೇ ಹಾದು ಹೋಗುತ್ತದೆ. ಮೂರನೇ ಕ್ಲಾಸಿನ ಹುಡುಗಿ ಕೂಡ ಓದುವಾಗ ಅದನ್ನು ಸಲೀಸಾಗಿ ದಾಟುತ್ತಾಳೆ.

ಪದಗಳನ್ನೆಲ್ಲ ಇಡಿಯಾಗಿ ನೆನಪಿಟ್ಟುಕೊಂಡರೆ ಆಗದೇ ಎಂದು ನೀವು ಕೇಳಬಹುದು. 'ಬಂದಿದ್ದರಂತೆ' ಎಂಬ ಒಂದೇ ಪದ ತೆಗೆದುಕೊಳ್ಳಿ. ಬರುವುದು ಮುಗಿದಿದೆ. ಬಂದವರು ಹಲವರು, ಇಲ್ಲವೇ ಗೌರವ ಕೊಡಬೇಕಾದ ಒಬ್ಬರು. ಹೇಳುವವರು ಅದನ್ನು ಕಣ್ಣಾರೆ ಕಂಡಿಲ್ಲ, ಯಾರೋ ಹೇಳಿ ಕೇಳಿದ್ದಾರೆ. ಇಷ್ಟೂ ಸುದ್ದಿ ಒಂದೇ ಪದದಲ್ಲಿ. ಇದರ ಜೊತೆಗೆ 'ಬರಲಿಲ್ಲವಂತೆ', 'ಬರಬೇಕಾಗಿತ್ತಲ್ಲ', 'ಬಂದವರಿಗೇ' ಎಂದು ಬೆಳೆಸುತ್ತಾ ಹೋದರೆ, ಇಡಿಯಾಗಿ ಬಾಯಿಪಾಠ ಮಾಡಿ ಮುಗಿಸುವ ಲೆಕ್ಕವೇ ಅಲ್ಲ. ದಿನಾ ಬಳಸುವ ಕೆಲವು ರೂಪಗಳು ಇಡಿಯಾಗಿ ನೆನಪಿನಲ್ಲಿ ಕೂರುತ್ತವೆ, ನಿಜ. ಉಳಿದವನ್ನು ಬೇಕಾದಾಗ ಕಟ್ಟುತ್ತೇವೆ, ಕೇಳಿದಾಗ ಬಿಡಿಸುತ್ತೇವೆ.

ಮಕ್ಕಳಿಗೆ ಇದು ಬರುತ್ತದೆ ಎಂದು ಚೆನ್ನಾಗಿ ತೋರಿಸಿದವರು ಅಮೆರಿಕದ ಜೀನ್ ಬರ್ಕೊ. 1958ರಲ್ಲಿ ಅವರು ಹಕ್ಕಿಯಂಥ ಒಂದು ಪ್ರಾಣಿಯ ಚಿತ್ರ ಬರೆದು, "ಇದು ವಗ್" ಎಂದು ಮಕ್ಕಳಿಗೆ ತೋರಿಸಿದರು. ಆ ಪದ ಯಾವ ಭಾಷೆಯಿಂದಲೂ ತಂದದ್ದಲ್ಲ, ಅವರೇ ಕಟ್ಟಿದ್ದು. ಆಮೇಲೆ ಎರಡು ಪ್ರಾಣಿಗಳನ್ನು ತೋರಿಸಿ, "ಈಗ ಇವು ಎರಡು...?" ಎಂದು ನಿಲ್ಲಿಸಿದರು. ಶಾಲೆಗೆ ಹೊಸದಾಗಿ ಕಾಲಿಟ್ಟ ಮಕ್ಕಳು ಕೂಡ "ವಗ್ಸ್" ಎಂದರು. ಹಿಂದೆಂದೂ ಕೇಳದ ಪದಕ್ಕೆ ಸರಿಯಾದ ಬಹುವಚನ!

ನಾವೂ ಮಾಡಿ ನೋಡೋಣ. 'ಮಿಲಗ' ಎಂಬ ಪದ ಇದೆ ಅಂದುಕೊಳ್ಳಿ. ಅದೊಂದು ಗಿಡವಾದರೆ ನೀರು ಹಾಕುವುದು ಮಿಲಗಕ್ಕೆ. ಮಿಲಗ ಒಬ್ಬ ಹುಡುಗನಾದರೆ ಊಟ ಬಡಿಸುವುದು ಮಿಲಗನಿಗೆ. ಗಿಡಗಳು ಹಲವಾದರೆ ಮಿಲಗಗಳು, ಹುಡುಗರಾದರೆ ಮಿಲಗರು. ಯಾರೂ ಕಲಿಸಿಲ್ಲ, ಅಲ್ವಾ? ನಿಮ್ಮ ಮನಸ್ಸು ಸದ್ದನ್ನಷ್ಟೇ ನೋಡಲಿಲ್ಲ. ಇದು ಮನುಷ್ಯನೋ ವಸ್ತುವೋ ಎಂದೂ ಕೇಳಿಕೊಂಡು, ಅದಕ್ಕೆ ತಕ್ಕ ಪ್ರತ್ಯಯ ಎತ್ತಿಕೊಟ್ಟಿತು.

ಇನ್ನೊಂದು. ಮಾಡು, ಓಡು, ಹಾಡು, ನೋಡು. ಇವು ಮಾಡಿದ, ಓಡಿದ, ಹಾಡಿದ, ನೋಡಿದ ಆಗುತ್ತವೆ. ಕೊಡು, ಇಡು, ಬಿಡು, ಸುಡು. ಇವು ಕೊಟ್ಟ, ಇಟ್ಟ, ಬಿಟ್ಟ, ಸುಟ್ಟ. ಮೊದಲ ಗುಂಪಿನಲ್ಲಿ ಮೊದಲ ಸ್ವರ ಉದ್ದ, ಎರಡನೆಯದರಲ್ಲಿ ಗಿಡ್ಡ. ಅಷ್ಟೇ. ಈ ಕಟ್ಟಳೆ ನಮ್ಮ ನಾಲಿಗೆಗೆ ಗೊತ್ತು, ಆದರೆ ಬಾಯಿಬಿಟ್ಟು ಹೇಳಿದವರು ಕಡಿಮೆ. ಮಗುವೊಂದು ಈ ಗೆರೆಯನ್ನು ಇನ್ನೂ ಹಿಡಿಯುತ್ತಿರುವಾಗ "ಮಾವ ನನಗೆ ಕೊಡಿದ" ಎಂದರೆ, ದಯವಿಟ್ಟು ನಗಬೇಡಿ, ಗದರಬೇಡಿ. ಆ ಮಗು ಯಾರಿಂದಲೋ ಕೇಳಿದ್ದನ್ನು ಒಪ್ಪಿಸುತ್ತಿಲ್ಲ. 'ಮಾಡಿದ', 'ಓಡಿದ' ಕೇಳಿ ತಾನೇ ಒಂದು ಪದ ಕಟ್ಟಿದೆ. "ಹೌದಾ, ಮಾವ ಏನು ಕೊಟ್ಟ?" ಎಂದು ನೀವು ಸಹಜವಾಗಿ ಕೇಳಿದರೆ ಸಾಕು. ಇಂಗ್ಲಿಷ್ ಮಕ್ಕಳಲ್ಲಂತೂ ಇದನ್ನು ತುಂಬಾ ಗಮನಿಸಿದ್ದಾರೆ. 'ಹೋದ' ಎನ್ನಲು ಮೊದಮೊದಲು ಸರಿಯಾಗಿ 'ವೆಂಟ್' ಅನ್ನುವ ಮಗು, ಆಮೇಲೆ ಕಟ್ಟಳೆ ಗೊತ್ತಾದಾಗ 'ಗೋ'ಗೆ 'ಡ್' ಅಂಟಿಸಿ 'ಗೋಡ್' ಅನ್ನುತ್ತದೆ, ಇನ್ನೂ ಬೆಳೆದ ಮೇಲೆ 'ವೆಂಟ್'ಗೆ ಮರಳುತ್ತದೆ. ನಡುವಿನ ಆ ತಪ್ಪು ಬೆಳವಣಿಗೆಯ ಗುರುತು.

ನಮ್ಮ ಮನೆಮಾತಿನ ಬಗ್ಗೆಯೂ ಇದೇ ಹೇಳಬೇಕು. ರಾಯಚೂರು, ಕೊಪ್ಪಳದ ಮಗು "ಅಪ್ಪ ಕೆಲಸ ಮಾಡಾಕತ್ತಾನ" ಅನ್ನುತ್ತದೆ. ಪುಸ್ತಕ 'ಮಾಡುತ್ತಿದ್ದಾನೆ' ಅನ್ನುತ್ತದೆ. 'ಮಾಡಲಿಕ್ಕೆ ಹತ್ತಿದ್ದಾನೆ' ಎಂಬ ಎರಡು ಮಾತು ಕೂಡಿ, ಸವೆದು, 'ಹತ್ತು' ಎಂಬ ಇಡೀ ಕ್ರಿಯಾಪದವೇ ಪ್ರತ್ಯಯದ ಹಾಗೆ ಆಗಿದೆ. ಮಾಡಾಕತ್ತೀನಿ, ಮಾಡಾಕತ್ತಾಳ, ಮಾಡಾಕತ್ತಾರ: ಒಂದೂ ಅಡ್ಡಾದಿಡ್ಡಿ ಇಲ್ಲ. ಒಂಬತ್ತನೇ ಶತಮಾನದ ಕವಿರಾಜಮಾರ್ಗ ಕನ್ನಡದ ತಿರುಳು ಎಲ್ಲಿದೆ ಎಂದು ಹೇಳುವಾಗ ಕೊಪಣವನ್ನು, ಅಂದರೆ ನಮ್ಮ ಕೊಪ್ಪಳವನ್ನು, ಹೆಸರಿಸಿದೆ. ಅಂಥ ನೆಲದ ಮಗುವಿಗೆ "ನಿನ್ನ ಕನ್ನಡ ಸರಿ ಇಲ್ಲ" ಎನ್ನುವುದು ನನಗೆ ನೋವಿನ ಮಾತು. ಆ ಮಗುವಿನ ಬಳಿ ಒಂದು ಪೂರ್ತಿ ವ್ಯಾಕರಣ ಇದೆ. ಶಾಲೆ ಕೊಡಬೇಕಾದದ್ದು ಎರಡನೆಯ ಒಂದು ಜೋಡಣೆ, ಅಷ್ಟೇ.

ಈ ಜೋಡಣೆ ಮುರಿದು ಬೀಳುವುದೂ ಉಂಟು. ಲಕ್ವಾ ಹೊಡೆದು ಮೆದುಳಿನ ಎಡಭಾಗಕ್ಕೆ ಪೆಟ್ಟಾದವರಲ್ಲಿ ಕೆಲವರಿಗೆ ಪದ ಸಿಗುತ್ತದೆ, ಪ್ರತ್ಯಯ ಸಿಗುವುದಿಲ್ಲ. 1861ರಲ್ಲಿ ಪಾಲ್ ಬ್ರೋಕಾ ಎಂಬ ಫ್ರೆಂಚ್ ವೈದ್ಯರು ಎಡಮೆದುಳಿನ ಮುಂಭಾಗವನ್ನು ಮಾತಿಗೆ ಜೋಡಿಸಿ ಹೇಳಿದರು. ಅಲ್ಲಿ ಪೆಟ್ಟಾದ ಇಂಗ್ಲಿಷಿನವರು ಎಷ್ಟೋ ಸಲ ಪದದ ತುದಿಯನ್ನೇ ಬಿಟ್ಟು ಮಾತಾಡುತ್ತಾರೆ. ಹೀಬ್ರೂ ಭಾಷೆಯಲ್ಲಿ ಮೂಲ ಅಂದರೆ ಬರೀ ವ್ಯಂಜನಗಳು, ಅದನ್ನೇ ಉಚ್ಚರಿಸಲು ಬರುವುದಿಲ್ಲ. ಅಲ್ಲಿ ರೋಗಿಗಳು ಒಂದು ರೂಪದ ಬದಲು ಇನ್ನೊಂದನ್ನು ಹೇಳುತ್ತಾರೆ. ಪೆಟ್ಟು ಒಂದೇ, ಆದರೆ ಅದು ಹೊರಗೆ ಕಾಣುವ ಬಗೆಯನ್ನು ಆಯಾ ಭಾಷೆ ನಿರ್ಧರಿಸುತ್ತದೆ. ಮನೆಯಲ್ಲಿ ಇಂಥವರು ಇದ್ದರೆ, ಮಾತು ತುಂಡಾಯಿತೆಂದು ಬುದ್ಧಿಯೇ ಹೋಯಿತು ಅಂದುಕೊಳ್ಳಬೇಡಿ. ಚಿಕ್ಕ ವಾಕ್ಯದಲ್ಲಿ ನಿಧಾನವಾಗಿ ಮಾತಾಡಿಸಿ, ಉತ್ತರಕ್ಕೆ ಕಾಯಿರಿ. ವಾಕ್ ತರಬೇತಿ ಕೊಡುವವರ ಹತ್ತಿರ ಕರೆದುಕೊಂಡು ಹೋಗಿ. ತಡಮಾಡಬೇಡಿ.

ಬಳ್ಳಾರಿಯಲ್ಲಿ ತೆಲುಗು, ಕನ್ನಡ ಎರಡೂ ಆಡುವ ಮನೆಗಳು ಜಾಸ್ತಿ. ಅಂಥ ಮನೆಯ ಮಗುವಿನ ಮನಸ್ಸಿನಲ್ಲಿ ಪ್ರತ್ಯಯಗಳ ಎರಡು ಕಟ್ಟುಗಳಿವೆ. 'ಬಸ್ಸು' ಎರಡರಲ್ಲೂ ಬಸ್ಸೇ, ಇಂಗ್ಲಿಷಿನಿಂದ ಬಂದದ್ದು. ತೆಲುಗು ಆಡುವ ಅಜ್ಜಿಯ ಹತ್ತಿರ ಅದು 'ಬಸ್ಸುಕಿ', ಬೀದಿಯ ಗೆಳೆಯರ ಹತ್ತಿರ 'ಬಸ್ಸಿಗೆ'. ಒಂದೇ ಉಸಿರಿನಲ್ಲಿ ಇಬ್ಬರ ಜೊತೆಗೂ ಮಾತಾಡುವ ಐದು ವರ್ಷದ ಮಕ್ಕಳು ನಮ್ಮ ಓಣಿಗಳಲ್ಲೇ ಇದ್ದಾರೆ. ಅವರ ಮಾತನ್ನು ಕಿವಿಗೊಟ್ಟು ಕೇಳಿ.

ನಮಸ್ಕಾರ.